ಮರಳಿನಲ್ಲಿ ನಿಂತ ಬ್ಯಾಟರಿ ಬೈಕು

ಪುಸ್ತಕ, ನಾಟಕ, ಸಿನಿಮಾಗಳನ್ನು ವಿಮರ್ಶಿಸುವ ನಾವು ಪ್ರವಾಸವನ್ನು ಯಾಕೋ ವಿಮರ್ಶೆಗೆ ಒಳಪಡಿಸುವುದಿಲ್ಲ. ಹೋಗಿಬಂದವರು ಫೋಟೋ ತೋರಿಸುತ್ತಾರೆ, ಊಟ ಚೆನ್ನಾಗಿರಲಿಲ್ಲ ಎನ್ನುತ್ತಾರೆ, ಅಲ್ಲಿಗೆ ಮುಗಿಯಿತು. ಆದರೆ ಗೈಡು ಆಡುವ ಮಾತು, ಅವನು ಗಾಡಿ ನಿಲ್ಲಿಸುವ ಜಾಗ, ನಿಲ್ಲಿಸದೆ ದಾಟಿಸಿಬಿಡುವ ಜಾಗ ಇವೆಲ್ಲ ಸೇರಿದರೆ ಅದೂ ಚರಿತ್ರೆಯ ಒಂದು ಪಠ್ಯವೇ. ಶಾಲೆಯ ಪುಸ್ತಕದಲ್ಲಿ ಟಿಪ್ಪುವಿನ ಪಾಠ ಇರಬೇಕೆ ಬೇಡವೆ ಎಂದು ಬೀದಿಗಿಳಿದು ಜಗಳವಾಡಿದ ನಾಡು ನಮ್ಮದು. ಪ್ರವಾಸಿ ತಾಣಗಳಲ್ಲಿ ದಿನವೂ ನಡೆಯುವ ಈ ಇನ್ನೊಂದು ಪಾಠದ ಕಡೆ ಮಾತ್ರ ಯಾರ ಗಮನವೂ ಹೋಗಿಲ್ಲ.

ಈ ಮಾತು ಹೇಳಲು ಕಾರಣ ಒಂದು ಭಾನುವಾರದ ಸವಾರಿ. ನಾವು ಐದು ಜನ ಸ್ನೇಹಿತರು ಮೈಸೂರಿನಲ್ಲಿ ಬ್ಯಾಟರಿ ಬೈಕುಗಳನ್ನು ಬಾಡಿಗೆಗೆ ಪಡೆದು, ಜೊತೆಗೊಬ್ಬ ಗೈಡನ್ನು ಗೊತ್ತುಮಾಡಿಕೊಂಡು ಹೊರಟೆವು. ನಂಜನಗೂಡು, ತಿರುಮಕೂಡಲು ನರಸೀಪುರ, ತಲಕಾಡು, ಸೋಮನಾಥಪುರ, ಮತ್ತೆ ಮೈಸೂರು. ಹಳೆಯ ಗುಡಿ, ಹಾಳೂರು, ನೆಲದಡಿಯ ದೇವಾಲಯ ಎಲ್ಲವನ್ನೂ ಒಂದೇ ದಿನದಲ್ಲಿ ತೋರಿಸುವುದು ಅವನ ಲೆಕ್ಕ.

ಈ ಹೊಸ ವಾಹನದ ಬಗ್ಗೆ ನಮಗೆ ತಕರಾರಿಲ್ಲ. ಹೊಗೆಯಿಲ್ಲ, ಸದ್ದಿಲ್ಲ. ಹಂಪಿಯಲ್ಲಿ ವಿಜಯವಿಠ್ಠಲ ಗುಡಿಯ ದಾರಿಯಲ್ಲಿ ಪೆಟ್ರೋಲ್ ಗಾಡಿಗಳನ್ನು ತಡೆದು ಬ್ಯಾಟರಿ ಗಾಡಿಗಳನ್ನು ಬಿಟ್ಟರು. ಅವುಗಳನ್ನು ಹೆಣ್ಣುಮಕ್ಕಳು ಓಡಿಸುವುದನ್ನು ನೋಡಿದವರಿಗೆ ಅದರ ಗುಣ ಗೊತ್ತು. ಮೈಸೂರಿನಲ್ಲೇ 2017ರಲ್ಲಿ ‘ಟ್ರಿಣ್ ಟ್ರಿಣ್’ ಬಾಡಿಗೆ ಸೈಕಲ್ಲುಗಳು ಬಂದಾಗ ಊರು ಸಂತೋಷಪಟ್ಟಿತ್ತು. ಕಾರಿನ ಗಾಜಿನೊಳಗೆ ಕೂತು ನೋಡುವುದಕ್ಕಿಂತ ಗದ್ದೆಯ ಗಾಳಿ ಕುಡಿಯುತ್ತಾ ಹೋಗುವುದು ಮೇಲು. ನಮ್ಮ ತಕರಾರು ಇರುವುದು ಬೈಕಿನ ಮುಂದೆ ಹೋಗುವ ಮಾತಿನ ಬಗ್ಗೆ.

ಮೈಸೂರಿನಿಂದ ನಂಜನಗೂಡಿಗೆ ಅರ್ಧ ಮುಕ್ಕಾಲು ಗಂಟೆಯ ದಾರಿ. ಊರು ಹೊಗುವಾಗ ಕಪಿಲಾ ನದಿಗೆ ಅಡ್ಡಲಾಗಿ ಹಳೆಯ ಕಲ್ಲಿನ ಸೇತುವೆ ಇದೆ. 1735ರ ಸುಮಾರಿನಲ್ಲಿ ದಳವಾಯಿ ದೇವರಾಜಯ್ಯ ಕಟ್ಟಿಸಿದ್ದು. ಎತ್ತಿನ ಗಾಡಿಗೆಂದು ಕಟ್ಟಿದ ಈ ಸೇತುವೆಯ ಮೇಲೆ ಮುಂದೆ ರೈಲೂ ಓಡಿತು. ಗೈಡು ಅಲ್ಲಿ ಗಾಡಿ ನಿಲ್ಲಿಸಿ, ಫೋಟೋ ತೆಗೆಸಿ, ಐದೇ ನಿಮಿಷಕ್ಕೆ ಹೊರಡಿಸಿದ. ಶ್ರೀಕಂಠೇಶ್ವರನ ಗೋಪುರದ ಎದುರು ನಿಂತಾಗ ಅವನ ಉತ್ಸಾಹ ಏರಿತು. ಏಳು ಅಂತಸ್ತು, 120 ಅಡಿ, ಮುಮ್ಮಡಿ ಕೃಷ್ಣರಾಜರ ರಾಣಿ ದೇವಾಜಮ್ಮಣ್ಣಿಯವರು ಕಟ್ಟಿಸಿದ್ದು ಎಂದು ಬಾಯಿಪಾಠ ಒಪ್ಪಿಸಿದ. ಆಮೇಲೆ ಪಚ್ಚೆಲಿಂಗದ ಕಥೆ.

“ಒಬ್ಬ ಮಹಾರಾಜರ ಪಟ್ಟದಾನೆಗೆ ಕಣ್ಣು ಹೋಗಿತ್ತು. ನಂಜುಂಡನಿಗೆ ಹರಕೆ ಹೊತ್ತರು, ಕಣ್ಣು ಬಂತು. ಆ ಸಂತೋಷಕ್ಕೆ ಪಚ್ಚೆಲಿಂಗ ಮಾಡಿಸಿಕೊಟ್ಟು, ಹಕೀಂ ನಂಜುಂಡ ಅಂತ ಹೆಸರಿಟ್ಟರು.”

ಯಾವ ಮಹಾರಾಜರು ಎಂದು ನಮ್ಮಲ್ಲೊಬ್ಬರು ಕೇಳಿದರು. ಅವನು ನಮ್ಮ ಮುಖಗಳನ್ನು ಒಂದು ಸುತ್ತು ನೋಡಿದ. ದಾರಿಯಲ್ಲಿ ನಾವು ಒಬ್ಬರನ್ನೊಬ್ಬರು ಕರೆದ ಹೆಸರುಗಳು ಅವನ ಕಿವಿಗೆ ಬಿದ್ದಿದ್ದವು.

“ಟಿಪ್ಪು ಸುಲ್ತಾನರು ಸಾರ್. ನಿಮ್ಮೆದುರು ಹೇಳೋಕೇನು? ಎಲ್ಲಾ ಗುಂಪಲ್ಲೂ ಹೆಸರು ಎತ್ತಕ್ಕಾಗಲ್ಲ. ಒಂದ್ಸಲ ಒಬ್ರು ಮಾತು ಮುಗಿಯೋ ಮುಂಚೆ ಗಾಡಿ ಹತ್ತಿ ಹೊರಟೇಬಿಟ್ರು. ಅವತ್ತಿಂದ ಮಹಾರಾಜರು ಅಂತೀನಿ, ಸಾಕು.”

ಒಂದು ಕ್ಷಣ ನಮಗೆ ಮಾತು ಹೊರಡಲಿಲ್ಲ. ಹಕೀಂ ಎಂಬ ಅರಬಿ ಪದ ಉಳಿದಿದೆ, ಅದನ್ನು ಆಡಿದವನ ಹೆಸರು ಹೋಗಿದೆ! ಇದು ಗೈಡಿನ ತಪ್ಪು ಎಂದು ನಾವು ಹೇಳುವುದಿಲ್ಲ. ದಿನಗೂಲಿಯ ಮೇಲೆ ಬದುಕುವ ಹುಡುಗ ಗಿರಾಕಿಯ ಮುಖ ನೋಡಿಯೇ ಮಾತಾಡಬೇಕು. 2022ರ ಅಕ್ಟೋಬರಿನಲ್ಲಿ ಟಿಪ್ಪು ಎಕ್ಸ್‌ಪ್ರೆಸ್ ರೈಲಿನ ಹೆಸರು ಬದಲಾಯಿತು. ಅದೇ ವರ್ಷದ ಡಿಸೆಂಬರಿನಲ್ಲಿ ದೇವಸ್ಥಾನಗಳ ‘ಸಲಾಂ’ ಆರತಿಯ ಹೆಸರನ್ನು ‘ನಮಸ್ಕಾರ’ ಎಂದು ಬದಲಿಸುವ ತೀರ್ಮಾನ ಪ್ರಕಟವಾಯಿತು. ವಿಧಾನಸೌಧದಲ್ಲಿ ನಡೆದದ್ದನ್ನೇ ಈ ಹುಡುಗ ಗೋಪುರದ ನೆರಳಿನಲ್ಲಿ ಸಣ್ಣ ಪ್ರಮಾಣದಲ್ಲಿ ಮಾಡುತ್ತಿದ್ದ. ಎರಡು ಗುಂಪಿಗೆ ಎರಡು ಚರಿತ್ರೆ.

ಆದರೆ ಅದಕ್ಕಿಂತ ಹೆಚ್ಚಾಗಿ ನಮ್ಮನ್ನು ಕಾಡಿದ್ದು ನಮ್ಮದೇ ಪ್ರತಿಕ್ರಿಯೆ. ಅವನು ಟಿಪ್ಪುವಿನ ಹೆಸರು ಹೇಳಿದ ಕೂಡಲೇ ನಮಗೆ ಖುಷಿಯಾಯಿತು. ಬಂದ ಕೆಲಸ ಮುಗಿಯಿತು ಎನ್ನುವಂತೆ ಹಿಂದಿರುಗಲು ಸಿದ್ಧರಾದೆವು. ಈ ಪಚ್ಚೆಲಿಂಗವನ್ನು ನಮ್ಮ ಸಭೆಗಳಲ್ಲಿ, ಲೇಖನಗಳಲ್ಲಿ ನಾವು ನಡತೆಯ ಸರ್ಟಿಫಿಕೇಟಿನಂತೆ ಎತ್ತಿ ಹಿಡಿದು ಎಷ್ಟು ಕಾಲವಾಯಿತು! ‘ನೋಡಿ, ನಮ್ಮ ಸುಲ್ತಾನ ಲಿಂಗ ಕೊಟ್ಟಿದ್ದ’ ಎನ್ನುವಾಗ ನಾವು ಚರಿತ್ರೆ ಹೇಳುತ್ತಿರುವುದಿಲ್ಲ, ಜಾಮೀನು ಕೇಳುತ್ತಿರುತ್ತೇವೆ. ಅದನ್ನು ಕೇಳುವವನೂ ಚರಿತ್ರೆ ಕೇಳಿಸಿಕೊಳ್ಳುವುದಿಲ್ಲ. ಜಾಮೀನು ಕೊಡಲೋ ಬೇಡವೋ ಎಂದು ಯೋಚಿಸುತ್ತಾನೆ.

ನಿಜ ಸಂಗತಿ ಇದಕ್ಕಿಂತ ರೋಚಕ. ಜನ ಪಚ್ಚೆ ಎನ್ನುವ ಆ ಲಿಂಗ ಜೇಡ್ ಎಂಬ ಹಸಿರು ಕಲ್ಲಿನದು. ಇದೇ ಗುಡಿಗೆ ಟಿಪ್ಪು ರತ್ನಖಚಿತ ಬಟ್ಟಲನ್ನೂ ಕೊಟ್ಟ. ನಂಜನಗೂಡಿನಿಂದ ಕೆಲವೇ ಕಿಲೋಮೀಟರು ದೂರದ ಕಳಲೆಯ ಲಕ್ಷ್ಮೀಕಾಂತ ಗುಡಿಗೆ ಬೆಳ್ಳಿಯ ಬಟ್ಟಲು, ತಟ್ಟೆ, ಪೀಕದಾನಿಗಳನ್ನು ಕೊಟ್ಟ. ಕಳಲೆ ಯಾವ ಊರು? ಮೈಸೂರಿನ ದಳವಾಯಿಗಳ ಊರು. ಹೈದರ್ ತಲೆಯೆತ್ತುವ ಮುಂಚೆ ಮೈಸೂರಿನ ಅಧಿಕಾರವನ್ನೆಲ್ಲ ಕೈಯಲ್ಲಿಟ್ಟುಕೊಂಡಿದ್ದ ಮನೆತನದ ಊರು. ತಂದೆ ಬದಿಗೆ ಸರಿಸಿದ ಮನೆತನದ ದೇವರಿಗೆ ಮಗ ಬೆಳ್ಳಿ ಪಾತ್ರೆ ಕೊಡುತ್ತಾನೆ. ಇದರಲ್ಲಿ ಭಕ್ತಿ ಎಷ್ಟು, ರಾಜನೀತಿ ಎಷ್ಟು, ಹಿಂದಿನ ಅರಸರ ಪದ್ಧತಿಯನ್ನು ಮುಂದುವರಿಸುವ ಜಾಣತನ ಎಷ್ಟು? ಇಂಥ ಪ್ರಶ್ನೆಗಳನ್ನು ಕೇಳಿದಾಗ ಟಿಪ್ಪು ಸಂತನೂ ಆಗುವುದಿಲ್ಲ, ರಾಕ್ಷಸನೂ ಆಗುವುದಿಲ್ಲ, ಒಬ್ಬ ಅರಸನಾಗುತ್ತಾನೆ. ಕೊಡಗಿನವರಿಗೆ ಅವನ ಬಗ್ಗೆ ಬೇರೆ ನೆನಪಿದೆ ಎಂಬುದನ್ನೂ ಆಗ ಹೆದರದೆ ಒಪ್ಪಿಕೊಳ್ಳಬಹುದು. ಅಂದಹಾಗೆ ಕಳಲೆ ನಮ್ಮ ಪ್ರವಾಸದ ಪಟ್ಟಿಯಲ್ಲಿ ಇರಲಿಲ್ಲ.

ಇದು ನಮ್ಮೂರಿನ ಸಮಸ್ಯೆ ಮಾತ್ರವಲ್ಲ. ರೋಮಿನ ಹೊರಗೆ ಆಪಿಯಾ ಎಂಬ ಎರಡು ಸಾವಿರ ವರ್ಷ ಮೀರಿದ ರಸ್ತೆಯಿದೆ. ಅಲ್ಲಿಯೂ ಪ್ರವಾಸಿಗರನ್ನು ಬ್ಯಾಟರಿ ಸೈಕಲ್ಲುಗಳ ಮೇಲೆ ಕರೆದೊಯ್ದು, ಪಾಳುಬಿದ್ದ ಗೋರಿಗಳನ್ನು ತೋರಿಸಿ, ನೆಲದಡಿಯ ಹಳೆಯ ಕ್ರೈಸ್ತ ಸಮಾಧಿ ಸುರಂಗಗಳಿಗೆ ಇಳಿಸುತ್ತಾರೆ. ಅದೇ ರಸ್ತೆಯ ಬದಿಯಲ್ಲಿ 1859ರಲ್ಲಿ ಪತ್ತೆಯಾದ ಯೆಹೂದಿಗಳ ಸಮಾಧಿ ಸುರಂಗವೂ ಇದೆ. ಮೊದಲೇ ಗೊತ್ತುಮಾಡಿಕೊಂಡು ಹೋದವರಿಗಷ್ಟೇ ಅದರ ಬಾಗಿಲು. ಹೆಚ್ಚಿನ ಸವಾರರು ತಿಳಿಯದೆಯೇ ಅದನ್ನು ದಾಟಿ ಹೋಗುತ್ತಾರೆ.

ನರಸೀಪುರ ಮುಟ್ಟುವ ಹೊತ್ತಿಗೆ ಎರಡು ಬೈಕುಗಳ ಬ್ಯಾಟರಿ ಇಳಿದಿತ್ತು. ಗೈಡಿನ ಯೋಜನೆಯಲ್ಲಿ ಇಲ್ಲಿ ಇದ್ದದ್ದು ಸಂಗಮದ ಬಳಿ ಹದಿನೈದು ನಿಮಿಷ ಮಾತ್ರ. ಕಾವೇರಿ, ಕಪಿಲೆ, ಕಣ್ಣಿಗೆ ಕಾಣದ ಸ್ಫಟಿಕ ಸರೋವರ, 1989ರಿಂದ ಮೂರು ವರ್ಷಕ್ಕೊಮ್ಮೆ ನಡೆಯುತ್ತಾ ಬಂದ ಕುಂಭಮೇಳ, ಗುಂಜಾ ನರಸಿಂಹ. ಒಂದು ಹೋಟೆಲಿನವರು ದೊಡ್ಡ ಮನಸ್ಸು ಮಾಡಿ ಪ್ಲಗ್ ಕೊಟ್ಟರು. ಚಾರ್ಜ್ ಆಗಲು ಎರಡು ಗಂಟೆ ಬೇಕು. ಕಾಫಿ ಕುಡಿದು ಬೇಸರವಾಗಿ, ‘ಇಲ್ಲಿ ಹಳೇ ಕಾಲದ ಅಸ್ಥಿಪಂಜರ ಸಿಕ್ಕಿದ ಜಾಗ ಎಲ್ಲಿ?’ ಎಂದು ಗೈಡನ್ನು ಕೇಳಿದೆವು. ಅವನಿಗೆ ಗೊತ್ತಿರಲಿಲ್ಲ. ಹೋಟೆಲಿನಲ್ಲಿದ್ದವರಿಗೂ ಗೊತ್ತಿರಲಿಲ್ಲ. ಪೊಲೀಸ್ ಕೇಸಿನ ವಿಷಯವೇ ಎಂದು ಒಬ್ಬರು ಕೇಳಿದರು.

ಮೈಸೂರು ವಿಶ್ವವಿದ್ಯಾನಿಲಯದ ಎಂ. ಶೇಷಾದ್ರಿಯವರು 1959ರಿಂದ ಆರಂಭಿಸಿ ಅರವತ್ತರ ದಶಕದಲ್ಲಿ ಈ ಊರಿನ ನದಿದಂಡೆಯಲ್ಲಿ ಉತ್ಖನನ ಮಾಡಿದರು. ವರದಿ 1971ರಲ್ಲಿ ಪ್ರಕಟವಾಯಿತು. ನವಶಿಲಾಯುಗದ ಜನ ಇಲ್ಲಿ ವಾಸವಿದ್ದರು. ಅಂದರೆ ನಾಲ್ಕು ಸಾವಿರ ವರ್ಷಗಳ ಆಸುಪಾಸು. ಕೈಯಲ್ಲೇ ತಿದ್ದಿ ಮಾಡಿದ ಬೂದು ಬಣ್ಣದ ಮಡಕೆಗಳು, ಉಜ್ಜಿ ನಯಗೊಳಿಸಿದ ಕಲ್ಲಿನ ಕೊಡಲಿಗಳು, ಉದ್ದಕ್ಕೆ ಮಲಗಿಸಿ ಹೂತ ಮನುಷ್ಯರು. ಸುಟ್ಟ ಮಣ್ಣಿನ ಒಂದು ತಲೆದಿಂಬೂ ಸಿಕ್ಕಿತು. ಈಜಿಪ್ಟಿನಲ್ಲಿ ಅಂಥ ತಲೆದಿಂಬುಗಳು ಇದ್ದವೆಂದು ವಿದ್ವಾಂಸರು ಹೋಲಿಸಿ ಬರೆದಿದ್ದಾರೆ. ಆ ಹೋಲಿಕೆ ಹಾಗಿರಲಿ. ಸಂಗಮದ ದಡದಲ್ಲಿ ಯಾರೋ ಹಗಲೆಲ್ಲ ದುಡಿದು, ಮಣ್ಣಿನಲ್ಲಿ ಮಾಡಿದ ದಿಂಬಿಗೆ ತಲೆಕೊಟ್ಟು ಮಲಗಿದ್ದರಲ್ಲ, ಅದು ನಮ್ಮನ್ನು ತಟ್ಟಿತು.

ಇವರು ಯಾರ ಪೂರ್ವಜರು? ಲಿಂಗವಿರಲಿಲ್ಲ, ಮಸೀದಿಯಿರಲಿಲ್ಲ, ಬಸದಿಯಿರಲಿಲ್ಲ. ಇಲ್ಲಿನ ಮೂಲನಿವಾಸಿಗಳು ತಾವೇ, ಉಳಿದವರು ಹೊರಗಿನವರು ಎಂದು ಯಾರು ಯಾರಿಗೆ ಹೇಳಿದರೂ ಈ ತಲೆದಿಂಬು ಮಧ್ಯೆ ಬರುತ್ತದೆ. ಬಹುಶಃ ಅದಕ್ಕೇ ಅದನ್ನು ಯಾರೂ ನೆನೆಸಿಕೊಳ್ಳುವುದಿಲ್ಲ. ಹಬ್ಬ ಮಾಡಲು ಬಾರದ, ಜಗಳಕ್ಕೂ ಒದಗದ ಚರಿತ್ರೆ ಪ್ರವಾಸದ ಪಟ್ಟಿಗೆ ಸೇರುವುದಿಲ್ಲ.

ತಲಕಾಡಿನಲ್ಲಿ ಇನ್ನೊಂದು ಪಾಠವಾಯಿತು. ಬೈಕು ಮರಳಿಗೆ ಇಳಿಯುವುದಿಲ್ಲ. ನಮ್ಮಲ್ಲೊಬ್ಬರು ಪ್ರಯತ್ನಿಸಿ ಅಂಗೈ ಕೆರೆದುಕೊಂಡರು. ಎಲ್ಲವನ್ನೂ ಸ್ಟ್ಯಾಂಡಿನಲ್ಲಿ ಬಿಟ್ಟು, ನೀಲಗಿರಿ ಮರಗಳ ನಡುವೆ ಮರಳದಿಬ್ಬ ಹತ್ತಬೇಕಾಯಿತು. ಕಾಲು ಹೂತುಹೋಗುವ ನೆಲದಲ್ಲಿ ಗೈಡಿನ ವೇಗವೂ ತಗ್ಗಿತು. ಪಾತಾಳೇಶ್ವರನ ಗುಡಿಗೆ ಮೆಟ್ಟಿಲಿಳಿದು ಹೋಗಬೇಕು. ಮೇಲೆ ಸುಡುವ ಬಿಸಿಲು, ಕೆಳಗೆ ಕಲ್ಲಿನ ತಂಪು. ನಿಂತ ನೆಲ ನಮ್ಮ ನೆತ್ತಿಗಿಂತ ಮೇಲಿರುವುದನ್ನು ನೋಡಿದಾಗ ಒಂದು ಊರು ಮುಳುಗುವುದೆಂದರೆ ಏನೆಂದು ಮೈಗೆ ಅರಿವಾಗುತ್ತದೆ. ದಿನದಲ್ಲಿ ಇದೊಂದೇ ಕಡೆ ನಾವು ನಿಜವಾಗಿ ನಿಂತು ನೋಡಿದೆವು ಎನ್ನಬೇಕು.

ಗೈಡು ಹೇಳಿದ್ದು ಅಲಮೇಲಮ್ಮನ ಕಥೆ. 1610ರಲ್ಲಿ ರಾಜ ಒಡೆಯರು ವಿಜಯನಗರದ ಪ್ರತಿನಿಧಿಯಿಂದ ಶ್ರೀರಂಗಪಟ್ಟಣವನ್ನು ಕಿತ್ತುಕೊಂಡರು. ಅವನ ಹೆಂಡತಿಯ ಒಡವೆಗಾಗಿ ಆಳು ಕಳಿಸಿದರು. ಆಕೆ ‘ತಲಕಾಡು ಮರಳಾಗಲಿ, ಮಾಲಂಗಿ ಮಡುವಾಗಲಿ, ಮೈಸೂರು ದೊರೆಗಳಿಗೆ ಮಕ್ಕಳಾಗದಿರಲಿ’ ಎಂದು ಶಪಿಸಿ ಕಾವೇರಿಗೆ ಹಾರಿದಳು. 2017ರಲ್ಲಿ ಅರಮನೆಯಲ್ಲಿ ಮಗು ಹುಟ್ಟಿದಾಗ ಪತ್ರಿಕೆಗಳೂ ಶಾಪವಿಮೋಚನೆಯ ಮಾತಾಡಿದ್ದವು. ಭೂಮಿಯನ್ನು ಅಭ್ಯಾಸ ಮಾಡಿದವರು ಬೇರೆ ಹೇಳುತ್ತಾರೆ: ಇಲ್ಲಿ ಕಾವೇರಿ ತಿರುವು ತೆಗೆದುಕೊಳ್ಳುತ್ತಾಳೆ, ಮರಳು ರಾಶಿ ಬೀಳುತ್ತದೆ, ವಿಜಯನಗರ ಕಾಲದ ಮಾಧವಮಂತ್ರಿ ಕಟ್ಟೆಯಿಂದ ನದಿಯ ಪಾತ್ರ ಬದಲಾಗಿ ತೆರೆದ ಮರಳನ್ನು ಮುಂಗಾರಿನ ಗಾಳಿ ಊರಿನ ಮೇಲೆ ಹೊತ್ತು ತಂದಿತು. ಗೈಡು ಇದನ್ನು ಹೇಳಲಿಲ್ಲ. ಹೇಳಿದರೆ ಕಥೆಯ ರುಚಿ ಕೆಡುತ್ತದೆಂದು ಅವನ ಅಭಿಪ್ರಾಯ.

ಕಥೆಯನ್ನು ಬಿಟ್ಟು ವಿಜ್ಞಾನ ಹೇಳು ಎಂದು ನಾವು ಅನ್ನುವುದಿಲ್ಲ. ಸೋತವಳ ಬಾಯಿಂದ ಉಳಿದ ಚರಿತ್ರೆ ಈ ನಾಡಿನಲ್ಲಿ ಎಷ್ಟಿದೆ? ಗೆದ್ದ ಮನೆತನವೇ ಅವಳ ವಿಗ್ರಹವನ್ನು ನವರಾತ್ರಿಯಲ್ಲಿ ಪೂಜಿಸುತ್ತಾ ಬಂದಿದೆ. ಅನ್ಯಾಯವಾಯಿತು ಎಂಬ ಒಪ್ಪಿಗೆ ಅದರಲ್ಲಿ ಇದೆ. ಗೈಡು ಶಾಪವನ್ನು ಮಾತ್ರ ಹೇಳಿ ಅನ್ಯಾಯವನ್ನು ಹಾರಿಸಿದ್ದೇ ನಮಗೆ ಹಿಡಿಸಲಿಲ್ಲ. ಹಾಗೆಂದು ಅವನನ್ನು ನಗುವಂತೆಯೂ ಇಲ್ಲ. ಭೂಮಿಯಲ್ಲಿ ಸಂಚರಿಸಿ ಹಿಂದಿನವರ ಅಂತ್ಯ ಏನಾಯಿತೆಂದು ನೋಡಲು ಕುರ್‌ಆನ್ ಹಲವು ಕಡೆ ಕರೆ ಕೊಡುತ್ತದೆ. ನೋಡಿ ಯೋಚಿಸಿ ಎಂಬುದು ಅದರ ಒತ್ತು. ನಮ್ಮ ಕೆಲವು ಪ್ರವಚನಕಾರರು ಯೋಚಿಸುವ ಭಾಗವನ್ನು ಬಿಟ್ಟು, ಎಲ್ಲೇ ನೆರೆ ಬಂದರೂ ಭೂಕಂಪವಾದರೂ ಅಲ್ಲಿಯವರ ಪಾಪಕ್ಕೆ ಶಿಕ್ಷೆ ಎಂದು ಮುಗಿಸಿಬಿಡುತ್ತಾರೆ. ತಲಕಾಡಿನ ಗೈಡಿಗೂ ಇವರಿಗೂ ಬಹಳ ದೂರವಿಲ್ಲ.

ಮರಳಿನ ಕೆಳಗಿರುವುದಾದರೂ ಒಂದೇ ಊರೆ? ಗಂಗರ ರಾಜಧಾನಿ, ಅವರಲ್ಲಿ ಹಲವರು ಜೈನರ ಪೋಷಕರು. ಹನ್ನೊಂದನೆಯ ಶತಮಾನದ ಆರಂಭದಲ್ಲಿ ಚೋಳರು ಹಿಡಿದು ರಾಜರಾಜಪುರ ಎಂದು ಹೆಸರಿಟ್ಟರು. ಅವರಿಂದ ಕಿತ್ತುಕೊಂಡ ವಿಷ್ಣುವರ್ಧನ ‘ತಲಕಾಡುಗೊಂಡ’ ಎನಿಸಿಕೊಂಡು 1117ರಲ್ಲಿ ಕೀರ್ತಿನಾರಾಯಣ ಗುಡಿ ಕಟ್ಟಿಸಿದ. ತೊಂಬತ್ತರ ದಶಕದಲ್ಲಿ ರಾಜ್ಯ ಪುರಾತತ್ತ್ವ ಇಲಾಖೆ ಇಲ್ಲಿ ಅಗೆದದ್ದೂ ಇದೆ. ಊರ ಹೆಸರು ಬದಲಿಸುವ ಚಾಳಿ ಇಂದಿನದಲ್ಲ ಎಂಬುದಕ್ಕೆ ಚೋಳರೇ ಸಾಕ್ಷಿ. ರಾಜರಾಜಪುರ ಎಂದು ಈಗ ಯಾರೂ ಕರೆಯುವುದಿಲ್ಲ ಎಂಬುದು ನಮಗೆ ಸ್ವಲ್ಪ ಸಮಾಧಾನ ಕೊಟ್ಟಿತು.

ಸೋಮನಾಥಪುರ ತಲುಪಿದಾಗ ಬಾಗಿಲು ಹಾಕುವ ಹೊತ್ತು. 2023ರಲ್ಲಿ ಯುನೆಸ್ಕೋ ಪಟ್ಟಿ ಸೇರಿದ ಮೇಲೆ ಅದರ ಬಗ್ಗೆ ಬರೆಯುವವರು ಬೇಕಾದಷ್ಟಿದ್ದಾರೆ. ವಿಗ್ರಹಗಳ ಕೆಳಗೆ ಮಲ್ಲಿತಮ್ಮನಂಥ ಶಿಲ್ಪಿಗಳು ತಮ್ಮ ಹೆಸರು ಕೊರೆದಿರುವುದನ್ನು ಮಾತ್ರ ಹುಡುಕಿ ನೋಡಿ ಹೊರಬಂದೆವು.

ಹೊರಗೆ ಗೈಡಿಗೆ ಹಣ ಕೊಡುವಾಗ ನಮ್ಮ ಸಲಹೆಗಳನ್ನೆಲ್ಲ ಹೇಳಿದೆವು. ನರಸೀಪುರದ ನದಿದಂಡೆ ಸೇರಿಸು, ತಲಕಾಡಿನಲ್ಲಿ ಕಟ್ಟೆಯ ವಿಷಯ ಹೇಳು, ನಂಜನಗೂಡಿನಲ್ಲಿ ಎಲ್ಲರಿಗೂ ಒಂದೇ ಹೆಸರು ಹೇಳು, ಕಳಲೆಗೂ ಕರೆದುಕೊಂಡು ಹೋಗು. ಅವನು ತಾಳ್ಮೆಯಿಂದ ಕೇಳಿಸಿಕೊಂಡ.

“ಕಳಲೆಗೆ ಹೋದ್ರೆ ಒಂದು ಗಂಟೆ ಜಾಸ್ತಿ ಆಗುತ್ತೆ ಸಾರ್. ಅಲ್ಲಿ ಫೋಟೋ ತೆಗೆಸ್ಕೊಳ್ಳೋ ಅಂಥದ್ದು ಏನಿಲ್ಲ. ಹೆಸರು ಹೇಳಿ ಗಿರಾಕಿ ಹೋದ್ರೆ ಅವತ್ತಿನ ದುಡ್ಡು ಯಾರು ಕೊಡ್ತಾರೆ? ನೀವೇ ಐದು ಜನ ಇನ್ನೊಂದ್ಸಲ ಬರ್ತೀರಾ?”

ಬರುತ್ತೇವೆ ಎಂದೆವು. ದಿನ ಯಾವುದು ಎಂದು ಅವನು ಮೊಬೈಲು ತೆಗೆದು ಕೇಳಿದಾಗ ನಾವು ಒಬ್ಬರ ಮುಖ ಒಬ್ಬರು ನೋಡಿಕೊಂಡೆವು.