ಕ್ಯಾಮರಾದ ಮಡಿ

ಸಾಕ್ಷ್ಯಚಿತ್ರ ಅಂದಕೂಡಲೇ ನಮ್ಮ ವಿಮರ್ಶಕರು ಮೊದಲು ಕೇಳುವುದು 'ವಸ್ತುನಿಷ್ಠವಾಗಿದೆಯೆ?' ಅಂತ. ಕನ್ಯೆ ನೋಡಲು ಹೋದವರು ಜಾತಕ ಕೇಳಿದ ಹಾಗೆ. ಈ ಪ್ರಕಾರದ ಮೂಲಪುರುಷನೆನಿಸಿಕೊಂಡ ರಾಬರ್ಟ್ ಫ್ಲಾಹರ್ಟಿಯ ಜಾತಕವನ್ನು ಮಾತ್ರ ಹೆಚ್ಚು ಜನ ಬಿಚ್ಚುವುದಿಲ್ಲ. 1922ರ 'ನಾನೂಕ್ ಆಫ್ ದಿ ನಾರ್ತ್' ಚಿತ್ರದ ನಾಯಕನ ಹೆಸರು ನಾನೂಕ್ ಅಲ್ಲ, ಅಲ್ಲಕರಿಯಲ್ಲಕ್. ಹೆಂಡತಿಯಾಗಿ ಕಾಣುವಾಕೆ ಅವನ ಹೆಂಡತಿಯಲ್ಲ. ಬಂದೂಕು ಬಲ್ಲ ಬೇಟೆಗಾರರ ಕೈಗೆ ಅಜ್ಜಂದಿರ ಈಟಿ ಬಂತು. ಹಿಮದ ಮನೆಯೊಳಗೆ ಬೆಳಕು ಸಾಲದ್ದಕ್ಕೆ ಅರ್ಧ ಮನೆ ಕಟ್ಟಿಸಿ, ಆ ಚಳಿಯಲ್ಲೇ ಸಂಸಾರವನ್ನು ಮಲಗಿಸಿ ಚಿತ್ರ ತೆಗೆದ. ಜಗತ್ತು ಅದನ್ನು ಸತ್ಯವೆಂದು ಒಪ್ಪಿತು.

ನಮ್ಮ ಸೀಮೆಗೆ ಬರೋಣ. ಸವಣೂರು 1997ರವರೆಗೂ ಧಾರವಾಡ ಜಿಲ್ಲೆಯಲ್ಲೇ ಇತ್ತು, ಈಗ ಹಾವೇರಿಯದು. ತಲೆಮಾರುಗಳಿಂದ ಊರ ಮಲ ಹೊತ್ತ ಅಲ್ಲಿನ ಭಂಗಿ ಸಮುದಾಯದವರಿಗೆ, ಇದ್ದ ಜಾಗವನ್ನೂ ಬಿಟ್ಟೇಳಿ ಅನ್ನಲಾಯಿತು. 2010ರ ಜುಲೈನಲ್ಲಿ ಅವರು ಪುರಸಭೆಯ ಮುಂದೆ ನಿಂತು ಅದೇ ಮಲವನ್ನು ಮೈಮೇಲೆ ಸುರಿದುಕೊಂಡರು. ಮಲ ಹೊರಿಸುವುದನ್ನು ನಿಷೇಧಿಸಿದ 1993ರ ಕಾಯ್ದೆಗೆ ಆಗ 17 ವರ್ಷ. ಕಾಗದದ ಮೇಲಷ್ಟೇ ಇದ್ದುದರಿಂದ ಕಾಯ್ದೆ ಬಹಳ ವಸ್ತುನಿಷ್ಠವಾಗಿಯೇ ಇತ್ತು! ಸುರಿದುಕೊಂಡದ್ದು ಮಾತ್ರ ಟೀವಿ, ಪತ್ರಿಕೆಗಳಲ್ಲೆಲ್ಲ ಬಂತು.

ಧಾರವಾಡದ ಹಿರಿಯರೊಬ್ಬರು, ಓದಿಕೊಂಡವರೇ, ಚಾ ಕುಡಿಯುತ್ತ ಅಂದರು: 'ಅದು ಸಹಜ ಅಲ್ಲೋ ತಮ್ಮಾ. ಕ್ಯಾಮರಾಕ್ಕ ತೋರಸ್ಲಿಕ್ಕೆ ಮಾಡಿದ್ದು. ನಾಟಕ.'

'ನಾಟಕ ಹೌದ್ರೀ ಸರ. ಆದ್ರ ಬಕೀಟಿನ್ಯಾಗ ಇದ್ದದ್ದು ನಾಟಕದ್ದಲ್ಲ.'

ಅವರು ಕಪ್ಪು ಕೆಳಗಿಟ್ಟರು.

ಫ್ಲಾಹರ್ಟಿ ಇನ್ನೊಬ್ಬರ ಬದುಕನ್ನು ನಿರ್ದೇಶಿಸಿದರೆ ಕಲೆ. ಭಂಗಿಗಳು ತಮ್ಮ ಬದುಕನ್ನು ತಾವೇ ನಿರ್ದೇಶಿಸಿಕೊಂಡರೆ ನಾಟಕ! ದಿನಾ ಬೆಳಗಿನ ಜಾವ ಇದೇ ಕೆಲಸ 'ಸಹಜ'ವಾಗಿ ನಡೆಯುತ್ತಿತ್ತಲ್ಲ, ಆ ಹೊತ್ತಿಗೆ ಕ್ಯಾಮರಾಗಳು ಮಲಗಿರುತ್ತವೆ. ವಸ್ತುನಿಷ್ಠತೆಗೆ ಒಂದು ದೂರ ಬೇಕಂತೆ. ದೂರ ನಮ್ಮ ಕೇರಿಗೆ ಹೊಸ ವಿದ್ಯೆಯೇನಲ್ಲ. ಬಾವಿಯಿಂದ ಎಷ್ಟು ಮೊಳ, ಗುಡಿಯಿಂದ ಎಷ್ಟು ಮೊಳ ಅಂತ ಅಳೆದು ಕೊಟ್ಟವರಿದ್ದಾರೆ. ಮಡಿ ಅನ್ನಲು ನಾಚಿಕೆಯಾಗಿ ಅದೇ ಅಳತೆಯನ್ನು ಈಗ ವಸ್ತುನಿಷ್ಠತೆ ಅನ್ನುತ್ತಿದ್ದಾರೆಯೆ ಎಂಬ ಗುಮಾನಿ ನನಗೆ.

ಹಾಗಂತ ಕ್ಯಾಮರಾ ತೋರಿಸಿದ್ದೆಲ್ಲ ನಿಜ ಅಂತ ನಾನೂ ಹೇಳಲಾರೆ. ಯಾರು, ಯಾರಿಂದ, ಏನು ಮಾಡಿಸಿದರು ಅಂತ ಕೇಳಲೇಬೇಕು, ನಮ್ಮವರನ್ನೂ ಸೇರಿಸಿ. ಸವಣೂರಿನ ಆ ದೃಶ್ಯದಲ್ಲೂ ಒಂದು ಸುಳ್ಳಿದೆ: ಅದಕ್ಕೆ ನಾತವಿಲ್ಲ. ಇದ್ದಿದ್ದರೆ ಟೀವಿ ಮುಂದೆ ಊಟಕ್ಕೆ ಕೂತು ಅದನ್ನು ನಾಟಕ ಅನ್ನುವುದು ಯಾರಿಗೂ ಸಾಧ್ಯವಾಗುತ್ತಿರಲಿಲ್ಲ.