ಬೆಟ್ಟದ ಓದುಗನೂ ಕಡಲಿನ ಕಾದಂಬರಿಯೂ

ಪುತ್ತೂರು, ಸುಳ್ಯ, ಕಡಬ ಎಂಬ ಮೂರು ತಾಲೂಕುಗಳಿಗೆ ಕಡಲ ದಡವಿಲ್ಲ. ಕುಮಾರಧಾರೆಯು ಸುಬ್ರಹ್ಮಣ್ಯದ ಬೆಟ್ಟಗಳಿಂದಿಳಿದು ಉಪ್ಪಿನಂಗಡಿಯಲ್ಲಿ ನೇತ್ರಾವತಿಯನ್ನು ಕೂಡಿ ಮಂಗಳೂರಿನ ಕಡಲಿಗೆ ಹೋಗುತ್ತದೆ. ಸುಳ್ಯದ ಪಯಸ್ವಿನಿಯು ಚಂದ್ರಗಿರಿಯೆಂಬ ಹೆಸರಿನಿಂದ ಕಾಸರಗೋಡಿನಲ್ಲಿ ಸಮುದ್ರವನ್ನು ಸೇರುತ್ತದೆ. ನೀರು ಕಡಲಿನದಾದರೂ ಬದುಕು ಮಾತ್ರ ತೋಟ, ಗುಡ್ಡ, ಕಾಡುಗಳದು. ಇಂತಹ ನಾಡಿನ ಓದುಗನೊಬ್ಬನಿಗೆ ಹಾಯಿಹಡಗುಗಳ ಕಾಲದ ನೌಕಾಸಾಹಸದ ಕಾದಂಬರಿಯು ರುಚಿಸುವುದೇಕೆ? ಅದು ಕೇವಲ ಹುಡುಗುತನದ ಕುತೂಹಲವೆಂದು ತಳ್ಳಿಬಿಡುವುದು ವಿಮರ್ಶೆಗೆ ಸಲ್ಲದು. ಆ ಆಕರ್ಷಣೆಯ ಕಾರಣವನ್ನು ಅರಿತರೆ ನಮ್ಮ ಸಾಹಿತ್ಯದ ಒಂದು ಕೊರತೆಯೂ ತಿಳಿದುಬರುವುದೆಂಬುದು ಪ್ರಕೃತ ಲೇಖನದ ಅಭಿಪ್ರಾಯ.

ಈ ಬಗೆಯ ಕೃತಿಗಳಲ್ಲಿ ಎರಡು ಮಾಲೆಗಳು ಪ್ರಸಿದ್ಧವಾಗಿವೆ. ಸಿ. ಎಸ್. ಫಾರೆಸ್ಟರ್ 1937ರಲ್ಲಿ ಆರಂಭಿಸಿದ ಹಾರ್ನ್‌ಬ್ಲೋವರ್ ಕಾದಂಬರಿಗಳು ಒಂದು. ಪ್ಯಾಟ್ರಿಕ್ ಓಬ್ರಿಯನ್ 1969ರಿಂದ 1999ರ ವರೆಗೆ ಬರೆದ ಇಪ್ಪತ್ತು ಕಾದಂಬರಿಗಳು ಇನ್ನೊಂದು. ಎರಡರ ಕಾಲವೂ ನೆಪೋಲಿಯನ್ನನ ಯುದ್ಧಗಳ ಕಾಲ. ಓಬ್ರಿಯನ್ನನ ಕಥೆಗಳಲ್ಲಿ ಹಡಗಿನ ನಾಯಕ ಆಬ್ರಿಯೊಡನೆ ವೈದ್ಯನಾದ ಮ್ಯಾಟುರಿನ್ ಎಂಬವನಿದ್ದಾನೆ. ಇವನು ವಿದ್ವಾಂಸ, ಆದರೆ ಹಡಗಿನ ವಿದ್ಯೆಯಲ್ಲಿ ಶಿಶು. ಯಾವ ಹಗ್ಗ ಯಾವ ಹಾಯಿಯನ್ನು ಎಳೆಯುತ್ತದೆ, ಗಾಳಿ ತಿರುಗಿದರೆ ಏನು ಮಾಡಬೇಕು ಎಂಬುದನ್ನು ನಾವಿಕರು ಅವನಿಗೆ ಹೇಳಿಕೊಡುವಾಗ ನೆಲದ ಓದುಗನೂ ಕಲಿಯುತ್ತಾನೆ. ಫಿರಂಗಿಯ ಸದ್ದಿಗಿಂತ ಈ ಕಲಿಕೆಯೇ ಇಲ್ಲಿಯ ಮೊದಲನೆಯ ರಸ. ದುಡಿಮೆಯನ್ನು ಬಲ್ಲವರ ನಡುವೆ ಕೆಲವು ದಿನ ಇದ್ದುಬಂದ ಸಂತೋಷವದು.

ಈ ರಸವು ನಮಗೆ ಅಪರಿಚಿತವಲ್ಲ. ಪುತ್ತೂರಿನಲ್ಲಿ ದೀರ್ಘಕಾಲ ನೆಲಸಿದ್ದ ಶಿವರಾಮ ಕಾರಂತರ ‘ಬೆಟ್ಟದ ಜೀವ’ವನ್ನು (1943) ನೆನೆಯಬಹುದು. ದಾರಿ ತಪ್ಪಿದ ಅತಿಥಿಯೊಬ್ಬನು ಸುಬ್ರಹ್ಮಣ್ಯದ ಕಡೆಯ ಬೆಟ್ಟಗಳ ನಡುವೆ ಗೋಪಾಲಯ್ಯನವರ ಮನೆಗೆ ಬರುತ್ತಾನೆ. ಕಾಡನ್ನು ಕಡಿದು ತೋಟವೆಬ್ಬಿಸಿದ ಬಗೆ, ಕಾಡುಮೃಗಗಳ ಕಾಟ, ಆ ದಂಪತಿಗಳ ಒಂಟಿತನ ಇವೆಲ್ಲವೂ ಆ ಅತಿಥಿಯ ಕಣ್ಣಿನಿಂದಲೇ ನಮಗೆ ಗೋಚರವಾಗುತ್ತವೆ. ಮ್ಯಾಟುರಿನ್ ಹಡಗಿನಲ್ಲಿ ಮಾಡುವ ಕಾರ್ಯವನ್ನೇ ಈ ಅತಿಥಿಯು ಬೆಟ್ಟದಲ್ಲಿ ಮಾಡುತ್ತಾನೆ. ಅಷ್ಟೇ ಅಲ್ಲ, ಊರಿನಿಂದ ದೂರವಾಗಿ, ಸುತ್ತಲೂ ಅಡಗಿಸಲಾರದ ಪ್ರಕೃತಿಯನ್ನಿಟ್ಟುಕೊಂಡು, ಒಬ್ಬ ಹಿರಿಯನ ಮಾತಿನಂತೆ ನಡೆಯುವ ಆ ಮನೆಯೂ ಒಂದು ಹಡಗೇ ಸರಿ. ಬೆಟ್ಟದ ಓದುಗನು ಕಡಲಿನ ಕಾದಂಬರಿಯಲ್ಲಿ ತನ್ನ ಬದುಕಿನ ಪ್ರತಿರೂಪವನ್ನೇ ಕಾಣುತ್ತಾನೆನ್ನಲು ಇದು ಸಾಕಷ್ಟು ಆಧಾರ.

ಎರಡನೆಯ ಆಕರ್ಷಣೆ ಕಾಯುವಿಕೆಯದು. ಹಾಯಿಹಡಗಿನ ನಾಯಕನಿಗೆ ಮೇಲಿನವರ ಆಜ್ಞೆ ಬರಲು ತಿಂಗಳುಗಳು ಹಿಡಿಯುತ್ತಿದ್ದವು. ಯುದ್ಧ ಮುಗಿದಿದೆಯೋ, ಹೊಸ ಶತ್ರು ಹುಟ್ಟಿದ್ದಾನೆಯೋ ತಿಳಿಯದೆ ಅವನು ನಿರ್ಣಯಿಸಬೇಕು. ಆ ನಿರ್ಣಯಕ್ಕೆ ತಾನೇ ಹೊಣೆಯಾಗಬೇಕು. ‘ಬೆಟ್ಟದ ಜೀವ’ದಲ್ಲಿಯೂ ಮನೆ ಬಿಟ್ಟುಹೋದ ಮಗನ ಸುದ್ದಿಗಾಗಿ ತಂದೆತಾಯಿಗಳು ಕಾಯುವ ಕಾಯುವಿಕೆಯೇ ಕಥೆಯ ಒಳದನಿ. ಸುದ್ದಿ ಬಾರದಿರುವಾಗ ಮನುಷ್ಯನು ಹೇಗೆ ಬಾಳುತ್ತಾನೆಂಬುದೇ ಎರಡೂ ಕಡೆಯ ನಿಜವಾದ ಪರೀಕ್ಷೆ.

ತೆರೆಯ ಮೇಲಿನ ರೂಪಾಂತರಗಳ ಬೆಲೆಯನ್ನು ಕಟ್ಟಬೇಕಾದುದು ಇಲ್ಲಿಯೇ. 2003ರಲ್ಲಿ ಪೀಟರ್ ವಿಯರ್ ನಿರ್ದೇಶಿಸಿದ ‘ಮಾಸ್ಟರ್ ಅಂಡ್ ಕಮಾಂಡರ್’ ಚಿತ್ರವು ಓಬ್ರಿಯನ್ನನ ಹಲವು ಕಾದಂಬರಿಗಳಿಂದ ಸಾಮಗ್ರಿಯನ್ನು ತೆಗೆದುಕೊಂಡಿತು. ಮುಖ್ಯ ಆಧಾರವಾದ ಕೃತಿಯಲ್ಲಿ 1812ರ ಯುದ್ಧದ ಅಮೆರಿಕನ್ ಹಡಗು ಶತ್ರುವಾಗಿದ್ದರೆ, ಚಿತ್ರದಲ್ಲಿ 1805ರ ಫ್ರೆಂಚ್ ಹಡಗು ಶತ್ರುವಾಯಿತು. ಈ ಬದಲಾವಣೆಯನ್ನು ದೋಷವೆನ್ನುವುದಕ್ಕಿಂತ, ಚಿತ್ರವು ಏನನ್ನು ಉಳಿಸಿಕೊಂಡಿತೆಂದು ಕೇಳುವುದು ಮೇಲು. ಇಕ್ಕಟ್ಟಾದ ತಳಮನೆಗಳು, ಎಳೆಯ ಹುಡುಗರ ಭಯ, ಮರದ ಕಿರುಗುಟ್ಟುವಿಕೆ ಇವುಗಳನ್ನು ಅದು ಪುಟಗಳಿಗಿಂತ ಸ್ಪಷ್ಟವಾಗಿ ಕೊಟ್ಟಿತು. ಉಳಿಯದೆ ಹೋದದ್ದು ಕಾಲದ ಭಾರ. ಕಾದಂಬರಿಯಲ್ಲಿ ಕಾಯುವಿಕೆಯಿದ್ದಲ್ಲಿ ಚಿತ್ರದಲ್ಲಿ ಬೆನ್ನಟ್ಟುವಿಕೆ ಬಂದಿತು.

ನಮ್ಮ ನೆರೆಯ ತಮಿಳಿನಲ್ಲಿಯೂ ಇದಕ್ಕೆ ಸಾಕ್ಷ್ಯವುಂಟು. ಕಲ್ಕಿಯವರ ‘ಪೊನ್ನಿಯಿನ್ ಸೆಲ್ವನ್’ 1950ರಿಂದ 1954ರ ವರೆಗೆ ಧಾರಾವಾಹಿಯಾಗಿ ಪ್ರಕಟವಾಯಿತು. ಮಣಿರತ್ನಂ ಅವರ ಎರಡು ಭಾಗಗಳ ಚಿತ್ರ 2022 ಮತ್ತು 2023ರಲ್ಲಿ ಬಂದು, ಕನ್ನಡ ಧ್ವನಿಯಲ್ಲಿಯೂ ಪ್ರದರ್ಶಿತವಾಯಿತು. ಬಿರುಗಾಳಿಯಲ್ಲಿ ಮುಳುಗುವ ಹಡಗಿನ ದೃಶ್ಯವು ಮೊದಲ ಭಾಗದ ಶಿಖರ. ಆದರೆ ಕಾದಂಬರಿಯಲ್ಲಿ ದೋಣಿ ನಡೆಸುವ ಪೂಂಕುಳಲಿಗೆ ಕಡಲಿನೊಡನಿರುವ ಸಲಿಗೆಯು ಅಧ್ಯಾಯಗಳುದ್ದಕ್ಕೂ ಬೆಳೆಯುತ್ತದೆ. ಚಿತ್ರವು ಕಡಲಿನ ರೌದ್ರವನ್ನು ತೋರಬಲ್ಲುದು. ಕಡಲಿನ ಪರಿಚಯವನ್ನು ಕೊಡಲು ಕಾದಂಬರಿಯೇ ಬೇಕು.

ಹಾಗಾದರೆ ಕನ್ನಡದಲ್ಲಿ ಈ ಪ್ರಕಾರವು ಬಲವಾಗಿ ಬೇರೂರದಿರುವುದೇಕೆ? ವಸ್ತುವಿಗೆ ಬಡತನವಿಲ್ಲ. ಹದಿನಾರನೆಯ ಶತಮಾನದಲ್ಲಿ ಪೋರ್ಚುಗೀಸರನ್ನು ಎದುರಿಸಿದ ಉಳ್ಳಾಲದ ಅಬ್ಬಕ್ಕ, 1510ರಲ್ಲಿ ಗೋವೆಯ ಮೇಲೆ ಆಲ್ಬುಕರ್ಕನು ನಡೆಸಿದ ದಾಳಿಗೆ ನೆರವಾದ ಹೊನ್ನಾವರದ ತಿಮ್ಮಯ್ಯ, 1665ರಲ್ಲಿ ಶಿವಾಜಿಯು ಹಡಗುಗಳೊಡನೆ ಬಂದು ಲೂಟಿ ಮಾಡಿದ ಬಸರೂರು, ಹೈದರನ ನೌಕಾಬಲ, ಇವೆಲ್ಲವೂ ನಮ್ಮ ಕರಾವಳಿಯ ಇತಿಹಾಸವೇ. ಆದರೂ ನಮ್ಮ ಐತಿಹಾಸಿಕ ಕಾದಂಬರಿಯ ಹೆದ್ದಾರಿಯು ಕೋಟೆಯಿಂದ ಕೋಟೆಗೆ ಸಾಗಿದೆ. ಮಾಸ್ತಿಯವರ ‘ಚಿಕವೀರ ರಾಜೇಂದ್ರ’ ಕೊಡಗಿನ ಅರಮನೆಯದು, ತ. ರಾ. ಸು. ಅವರ ‘ದುರ್ಗಾಸ್ತಮಾನ’ ಚಿತ್ರದುರ್ಗದ ಕಲ್ಲಿನದು. ಕಾರಂತರ ‘ಮರಳಿ ಮಣ್ಣಿಗೆ’ಯಲ್ಲಿ ಕಡಲಿದ್ದರೂ ಅದು ದಡದ ಮನೆಯಿಂದ ಕಂಡ ಕಡಲು. ಹಡಗಿನ ಲೆಕ್ಕಪತ್ರಗಳು ಬಹುಮಟ್ಟಿಗೆ ಪರಭಾಷೆಗಳಲ್ಲಿರುವುದು ಇದಕ್ಕೆ ಒಂದು ಕಾರಣವಾಗಿರಬಹುದು. ಅದಕ್ಕಿಂತ ದೊಡ್ಡ ಕಾರಣ ಭಾಷೆಯದು. ಗಾಳಿ, ನೀರಿನ ಸೆಳೆತ, ಬಲೆ, ದೋಣಿಗಳನ್ನು ಕುರಿತ ಮಾತು ಮೊಗವೀರರ, ಖಾರ್ವಿಗಳ ಬಾಯಲ್ಲಿ ಸಮೃದ್ಧವಾಗಿದೆ. ಬರೆಹದ ಕನ್ನಡಕ್ಕೆ ಅದು ಇನ್ನೂ ಸಾಕಷ್ಟು ಬಂದಿಲ್ಲ. ದುಡಿಮೆಯ ಮಾತಿಲ್ಲದೆ ನೌಕಾಕಾದಂಬರಿಯ ಮೊದಲನೆಯ ರಸವೇ ಹುಟ್ಟಲಾರದು.

ಈ ಕೊರತೆಯ ಪರಿಣಾಮವನ್ನು ನಮ್ಮ ಮೂರು ತಾಲೂಕುಗಳ ಚರಿತ್ರೆಯಲ್ಲಿಯೇ ಕಾಣಬಹುದು. 1834ರಲ್ಲಿ ಕೊಡಗು ಕಂಪೆನಿಯ ವಶವಾದ ಬಳಿಕ ಅಮರ ಸುಳ್ಯ, ಪುತ್ತೂರು ಸೀಮೆಗಳು ಕೆನರಾ ಜಿಲ್ಲೆಗೆ ಸೇರಿದವು. ಬೆಳೆಯ ರೂಪದಲ್ಲಿ ಸಲ್ಲುತ್ತಿದ್ದ ಕಂದಾಯವನ್ನು ಹಣದಲ್ಲಿ ಕೇಳಲಾಯಿತು. 1837ರಲ್ಲಿ ಕಲ್ಯಾಣಸ್ವಾಮಿಯ ಹೆಸರಿನಲ್ಲಿ ಎದ್ದ ರೈತರು ಬೆಳ್ಳಾರೆಯ ಖಜಾನೆಯನ್ನು ಹಿಡಿದು, ಪುತ್ತೂರನ್ನು ದಾಟಿ, ಏಪ್ರಿಲ್ ಮೊದಲ ವಾರದಲ್ಲಿ ಮಂಗಳೂರನ್ನು ಮುಟ್ಟಿದರು. ಅವರ ಆಳಿಕೆ ಎರಡು ವಾರವೂ ನಿಲ್ಲಲಿಲ್ಲ. ಕಂಪೆನಿಗೆ ಕಣ್ಣೂರು, ಮುಂಬಯಿಗಳೊಡನೆ ಕಡಲದಾರಿಯಿತ್ತು. ಬೆಟ್ಟದಿಂದ ಇಳಿದವರಿಗೆ ಹಡಗುಗಳಿರಲಿಲ್ಲ. ನೆಲದ ಮೇಲೆ ಗೆದ್ದವರ ಮುಂದೆ ನೀರು ತೆರೆದೇ ಇತ್ತು, ಆದರೆ ಅದು ಅವರ ಪಾಲಿಗೆ ಗೋಡೆಯಾಗಿತ್ತು.

ಇಂದು ಕಡಬ ತಾಲೂಕಿಗೆ ಸೇರಿರುವ ಕುಳ್ಕುಂದದಲ್ಲಿ 1924ರಲ್ಲಿ ಹುಟ್ಟಿದ ನಿರಂಜನರು ಈ ಘಟನೆಯನ್ನು ‘ಕಲ್ಯಾಣಸ್ವಾಮಿ’ ಕಾದಂಬರಿಗೆ ವಸ್ತುವನ್ನಾಗಿ ಮಾಡಿಕೊಂಡರು. ರೈತರ ಪಕ್ಷದಿಂದ ಚರಿತ್ರೆಯನ್ನು ನೋಡಿದ ಆ ಕೃತಿಯ ಉಪಕಾರ ದೊಡ್ಡದು. ಇದೇ ವಸ್ತುವನ್ನು ಕಡಲ ಕಡೆಯಿಂದಲೂ ನೋಡಲು ಎಡೆಯಿದೆ. ಬಾವುಟಗುಡ್ಡೆಯ ಮೇಲೆ ನಿಂತು ದಿಗಂತದಲ್ಲಿ ಹಾಯಿಯೊಂದನ್ನು ಕಂಡ ಸುಳ್ಯದ ರೈತನಿಗೆ ಅದು ಮಿತ್ರನದೋ ಶತ್ರುವಿನದೋ, ಗಾಳಿ ಯಾರ ಪಕ್ಷದಲ್ಲಿದೆಯೋ ಓದಲು ಬರುತ್ತಿರಲಿಲ್ಲ. ಆ ಅಜ್ಞಾನವೂ ಅವನ ಸೋಲಿನ ಒಂದು ಪಾಲು. ಅದನ್ನು ಬರೆಯುವ ಕಾದಂಬರಿಕಾರನಿಗೆ ಅವನಿಗೆ ತಿಳಿಯದುದೆಲ್ಲವೂ ತಿಳಿದಿರಬೇಕಾಗುತ್ತದೆ.

ಆದುದರಿಂದ ಪಾಶ್ಚಾತ್ಯ ಮಾಲೆಗಳನ್ನು ಅನುಕರಿಸಬೇಕೆಂಬುದು ನಮ್ಮ ಸೂಚನೆಯಲ್ಲ. ಅವುಗಳಿಂದ ಕಲಿಯಬೇಕಾದುದು ದುಡಿಮೆಯ ಮೇಲಿನ ಗೌರವ ಮತ್ತು ಕಾಯುವಿಕೆಯ ತಾಳ್ಮೆ. ವಿದ್ಯಾರ್ಥಿಗಳು ಅವುಗಳನ್ನು ಓದಲಿ, ಚಿತ್ರಗಳನ್ನೂ ನೋಡಲಿ. ಬಳಿಕ ಉಳ್ಳಾಲ, ಮಲ್ಪೆ, ಗಂಗೊಳ್ಳಿಗಳ ದೋಣಿಯವರ ಬಳಿಗೆ ಹೋಗಿ ಅವರ ಮಾತುಗಳನ್ನು ಬರೆದುಕೊಳ್ಳಲಿ. ಕನ್ನಡದ ನೌಕಾಕಾದಂಬರಿಗೆ ಮೊದಲು ಬೇಕಾದ ಸಾಮಗ್ರಿ ಅದೇ.