ಪೇಟಿಯನ್ನು ಹಗುರ ಮಾಡಿದವರು

ಬೆಳಗಾವಿಯ ಸಂಗೀತದ ಬಗ್ಗೆ ಬರೆಯುವವರು ಒಂದು ಮಾತನ್ನು ಬಿಡದೆ ಹೇಳುತ್ತಾರೆ: ನಾಟ್ಯಗೀತೆ ಹಗುರ ಸಂಗೀತ, ಪೇಟಿ, ಅಂದರೆ ಹಾರ್ಮೋನಿಯಂ, ಇರುವುದು ಸಾಥಿಗೆ ಮಾತ್ರ. ಕಛೇರಿಯಲ್ಲಿ ಖಯಾಲಿಗೆ ಮಣೆ, ನಾಟಕದ ಮಟ್ಟಿಗೆ ಕೊನೆಯಲ್ಲಿ ಉಳಿದಷ್ಟು ಹೊತ್ತು. ಪೇಟಿ ವಾದಕ ಪಂಡಿತ ಆರ್.ಕೆ. ಬಿಜಾಪುರೆ ಬದುಕಿ ಬಾರಿಸಿದ ಊರಿನಲ್ಲೇ ಈ ತೀರ್ಪು ನಡೆಯುತ್ತಿದೆ ಎಂಬುದು ಸಹಿಸಲಾಗದ ಸಂಗತಿ.

ಮೊದಲು ಮಟ್ಟುಗಳ ವಿಚಾರ. 1880ರ ಅಕ್ಟೋಬರ್ 31ರಂದು ಪುಣೆಯಲ್ಲಿ 'ಸಂಗೀತ ಶಾಕುಂತಲ' ಆಡಿಸಿದ ಅಣ್ಣಾಸಾಹೇಬ ಕಿರ್ಲೋಸ್ಕರ್ ಬೆಳಗಾವಿ ಜಿಲ್ಲೆಯ ಗುರ್ಲಹೊಸೂರಿನವರು. ಕಿವಿಯಲ್ಲಿ ಉಳಿದಿದ್ದ ಕನ್ನಡದ ಧಾಟಿಗಳನ್ನು ಅವರು ಮರಾಠಿ ರಂಗಕ್ಕೆ ಒಯ್ದರು. ಕೇಶವರಾವ್ ಭೋಸಲೆಯವರ ಮರಾಠಿ ನಾಟಕ ಕಂಪನಿ ಲಲಿತಕಲಾದರ್ಶ ಹುಟ್ಟಿದ್ದೂ 1908ರಲ್ಲಿ, ಹುಬ್ಬಳ್ಳಿಯಲ್ಲೇ. ಹೀಗೆ ಹೋದ ಮಟ್ಟು ಕಂಪನಿ ನಾಟಕಗಳೊಂದಿಗೆ ತಿರುಗಿ ಬಂತು, ಮಾತು ಬದಲಾಯಿತು, ರಾಗ ಬೆಳೆಯಿತು. ಬೆಳಗಾವಿ ಜಿಲ್ಲೆಯ ಬೀಡಿ, ನಂದಗಡದ ಕಡೆಯ ಭಜನೆಗಳಲ್ಲಿ ಇಂದಿಗೂ ಎರಡು ಭಾಷೆ ಒಂದೇ ಪೇಟಿಯ ಮುಂದೆ ಕೂರುತ್ತವೆ.

ಜಾಝ್ ಲೋಕದಲ್ಲಿ ಇಂಥ ಬೆರೆತ ಮಟ್ಟಿಗೆ ಎಷ್ಟು ಗೌರವ! ಪೋರ್ಟೊ ರಿಕೋದ ಹುವಾನ್ ತಿಸೋಲ್, ಡ್ಯೂಕ್ ಎಲಿಂಗ್ಟನ್ ವಾದ್ಯವೃಂದದಲ್ಲಿ ಟ್ರಾಂಬೋನ್ ಊದುತ್ತಿದ್ದವರು. 1936ರಲ್ಲಿ ಅವರ 'ಕ್ಯಾರವಾನ್' ಧ್ವನಿಮುದ್ರಣವಾಯಿತು. ಲ್ಯಾಟಿನ್ ಲಯದ ಸೋಂಕು, ಪೂರ್ವದೇಶದ ನೆನಪು ತರುವ ಕೋಮಲ ರಿಷಭ, ಕೆಳಗೆ ಅಮೆರಿಕದ ಸ್ವಿಂಗ್. ಆಮೇಲೆ ಬಂದ ವಾದಕರು ತಲೆಮಾರಿನಿಂದ ತಲೆಮಾರಿಗೆ ಅದನ್ನು ಬಿಚ್ಚಿ ಕಟ್ಟಿದ್ದಾರೆ. ಅದು ಬೆರಕೆಯೆಂದು ಅಲ್ಲಿ ಯಾರೂ ಮೂಗು ಮುರಿಯುವುದಿಲ್ಲ.

ನಮ್ಮಲ್ಲಿ ಪೇಟಿಯ ಕುಲವನ್ನೇ ಕೆದಕಲಾಯಿತು. 1842ರಲ್ಲಿ ಪ್ಯಾರಿಸ್ಸಿನ ದೆಬೆಂ ಪೇಟೆಂಟ್ ಪಡೆದ ವಾದ್ಯ, ಸ್ವರದಿಂದ ಸ್ವರಕ್ಕೆ ಜಾರುವ ಮೀಂಡ್ ಬರುವುದಿಲ್ಲ, ಶ್ರುತಿಗಳ ಸೂಕ್ಷ್ಮ ಸಿಗುವುದಿಲ್ಲ ಎಂದು ಆಕಾಶವಾಣಿ 1940ರ ಮಾರ್ಚ್ 1ರಿಂದ ಅದನ್ನು ಹೊರಗಿಟ್ಟಿತು. ನಿಷೇಧ ಸಡಿಲವಾಗಲು 1971 ಬರಬೇಕಾಯಿತು. ಮೂವತ್ತು ವರ್ಷಕ್ಕೂ ಹೆಚ್ಚು! ಆ ಅವಧಿಯ ಒಂದು ಇಡೀ ಪೀಳಿಗೆಗೆ ಆಕಾಶವಾಣಿಯ ಕಛೇರಿಗಳಲ್ಲಿ ಪೇಟಿ ಕೇಳಿಸಲಿಲ್ಲ. ಅದನ್ನು ಕೀಳೆಂದು ತಿಳಿಯುವ ಅಭ್ಯಾಸ ಬೆಳೆದದ್ದೂ ಅಲ್ಲಿಂದಲೇ.

ರಾಮಭಾವು ಎಂದೇ ಹೆಸರಾದ ಬಿಜಾಪುರೆ ಅದಕ್ಕೆ ವಾದ್ಯದಿಂದಲೇ ಉತ್ತರ ಕೊಟ್ಟರು. 1917ರಲ್ಲಿ ಕಾಗವಾಡದಲ್ಲಿ ಹುಟ್ಟಿ, ರಾಮಕೃಷ್ಣಬುವಾ ವಝೆಯವರಂಥ ಗಾಯಕರ ಬಳಿ ಕಲಿತವರು. 1938ರಲ್ಲಿ ಬೆಳಗಾವಿಯಲ್ಲಿ ಶ್ರೀರಾಮ ಸಂಗೀತ ಮಹಾವಿದ್ಯಾಲಯ ಕಟ್ಟಿ, 2010ರಲ್ಲಿ ತೀರಿಕೊಳ್ಳುವವರೆಗೂ ಪಾಠ ಹೇಳಿದರು. ಅವರದು ಹಾಡುಗಾರಿಕೆಯ ಬೆರಳು. ಒಂದು ಕೀಲಿ ಬಿಡುವ ಮೊದಲೇ ಮುಂದಿನದು ಒತ್ತಿರುತ್ತದೆ. ಎರಡು ಸ್ವರ ಕ್ಷಣಮಾತ್ರ ಒಂದಾಗಿ ಕೇಳುವ ಆ ಸಂದಿಯಲ್ಲೇ ಕಿವಿಗೆ ಮೀಂಡ್ ಹುಟ್ಟುತ್ತದೆ. ಎಡಗೈ ಭಾತೆಯನ್ನು ಒಂದೇ ಸಮನೆ ಒತ್ತುವುದಿಲ್ಲ. ಸಾಲಿನ ಕೊನೆಯಲ್ಲಿ ಗಾಳಿ ಇಳಿಸಿ, ಸಮ್ ಬಂದಾಗ ತುಂಬಿ ಕೊಡುತ್ತದೆ. ಹಾಡುವವನು ಉಸಿರು ಹಿಡಿಯುವುದೂ ಹೀಗೆಯೇ. ನಾಟ್ಯಗೀತೆಯನ್ನು ಇಂಥ ಕೈ ಮುಟ್ಟಿದರೆ ಮುಖಡಾ ಮಾತ್ರ ಮೂಲದ್ದು. ಉಳಿದದ್ದೆಲ್ಲ ಆಲಾಪ, ತಾನ್, ಲಯದ ಜಗ್ಗಾಟ. ಇದನ್ನು ಹಗುರವೆಂದವರು ಯಾವ ತಕ್ಕಡಿಯಲ್ಲಿ ತೂಗಿದರೋ!

ಗಾಯಕ ಕುಮಾರ ಗಂಧರ್ವರೂ ಈ ಜಿಲ್ಲೆಯ ಸುಳೇಭಾವಿಯವರೇ. ಅವರ ಮಾಳವಾ ಜಾನಪದದ ಶೋಧವನ್ನು ಹೊಗಳುವ ವಿಮರ್ಶಕರು, ನಮ್ಮದೇ ಕಂಪನಿ ಮಟ್ಟು ಪೇಟಿಯ ಮೇಲೆ ರಾಗವಾಗಿ ಅರಳಿದ್ದನ್ನು ಕಾಣಲೊಲ್ಲರು. ಕಾರಣ ಸಂಗೀತದಲ್ಲಿಲ್ಲ. ಮಟ್ಟು ಮರಾಠಿಯದೋ ಕನ್ನಡದ್ದೋ, ವಾದ್ಯ ದೇಶಿಯೋ ಪರದೇಶಿಯೋ ಎಂಬ ಗಡಿ ಪಂಚಾಯಿತಿ ಕಿವಿಗಿಂತ ಮುಂಚೆ ಬಂದು ಕೂತಿದೆ. ಆದರೂ ಬೆಳಗಾವಿಯಲ್ಲಿ ಸುಧಾಂಶು ಕುಲಕರ್ಣಿ, ಬೆಂಗಳೂರಿನಲ್ಲಿ ರವೀಂದ್ರ ಕಾಟೋಟಿ ಬಿಜಾಪುರೆಯವರ ಆ ಕೈಯನ್ನು ಮುಂದುವರಿಸಿದ್ದಾರೆ. ಈ ಊರಿನ ಸಂಗೀತ ಸಭೆಗಳು ಒಂದು ಇಡೀ ಸಂಜೆಯನ್ನು ಪೇಟಿಯ ಸೋಲೋಗೆ ಕೊಡಲಿ, ಅದನ್ನೂ ನಾಟ್ಯಗೀತೆಯಿಂದಲೇ ಶುರು ಮಾಡಲಿ.